ಅಕ್ಕಿಯಲ್ಲಿ ಬರೆದ ಹೆಸರು

ವಾಯಿ ಊರಿನ ಕೋರ್ಟಿನ ಗೇಟಿನ ಪಕ್ಕ, ಹುಣಸೆಮರದ ಕೆಳಗೆ ನನ್ನ ಟೈಪ್‌ರೈಟರ್ ಇರುತ್ತದೆ. ಸಾಳುಂಖೆ ಅಣ್ಣತಮ್ಮಂದಿರ ಪಾಲಿನ ದಾವೆಯ ಕಾಗದಗಳನ್ನೆಲ್ಲ ಟೈಪ್ ಮಾಡಿದವನು ನಾನೇ. ಕಾಲುವೆ ಪಕ್ಕದ ನಾಲ್ಕು ಎಕರೆ ಕಬ್ಬಿನ ಹೊಲಕ್ಕಾಗಿ ತಮ್ಮ ಹಿಂದೂರಾವ್, ಅಣ್ಣ ದಿನಕರನ ಮೇಲೆ ದಾವೆ ಹೂಡಿ ಹನ್ನೊಂದು ವರ್ಷವಾಗಿತ್ತು. ಅಷ್ಟೂ ವರ್ಷ ಅವರ ನಡುವೆ ಮಾತಿರಲಿಲ್ಲ. ತಾಯಿ ಗಜರಾಬಾಯಿ ಒಂದು ತಿಂಗಳು ಒಬ್ಬನ ಮನೆಯಲ್ಲಿ, ಮರುತಿಂಗಳು ಇನ್ನೊಬ್ಬನ ಮನೆಯಲ್ಲಿ ಉಣ್ಣುತ್ತಿದ್ದಳು.

ಆಗ ಫಲಟಣ ಊರಿನಿಂದ ನಳಿನಿ ನಿಕಮ್ ಎಂಬ ಐವತ್ತೆರಡು ವರ್ಷದ ವಿಧವೆ ಅರ್ಜಿ ಹಾಕಿದಳು. ತಾನು ಇವರ ಒಡಹುಟ್ಟಿದವಳು, ಹೊಲದಲ್ಲಿ ತನಗೂ ಪಾಲಿದೆ, ತನ್ನನ್ನೂ ದಾವೆಯಲ್ಲಿ ಪಕ್ಷಗಾರಳಾಗಿ ಸೇರಿಸಿಕೊಳ್ಳಬೇಕು ಎಂದು ಅದರಲ್ಲಿತ್ತು.

ಅವಳು ಒಡಹುಟ್ಟಿದವಳು ಎಂಬುದು ಊರಿಗೆಲ್ಲ ಗೊತ್ತು. ಕಾಗದಕ್ಕೆ ಮಾತ್ರ ಗೊತ್ತಿರಲಿಲ್ಲ. ಶಾಲೆಯ ರಿಜಿಸ್ಟರಿನಲ್ಲಿ ಅವಳು ಅಂಜನಾ ಗಣಪತರಾವ್ ಸಾಳುಂಖೆ. ಮದುವೆಯ ದಿನ ಗಂಡ ತಟ್ಟೆಯ ಅಕ್ಕಿಯಲ್ಲಿ ಉಂಗುರದಿಂದ ‘ನಳಿನಿ’ ಎಂದು ಬರೆದ. ನಮ್ಮಲ್ಲಿ ಎಲ್ಲ ಸೊಸೆಯರಿಗೂ ಹಾಗೇ ಹೊಸ ಹೆಸರು ಬರೆಯುತ್ತಾರೆ. ಅಂಜನಾಳೇ ನಳಿನಿ ಎಂದು ಯಾರೂ ಎಲ್ಲಿಯೂ ನೋಂದಾಯಿಸಿರಲಿಲ್ಲ. ಆ ಅಕ್ಕಿಯನ್ನು ಮರುದಿನವೇ ಬೇಯಿಸಿ ಉಂಡಿದ್ದರು.

ಸಾಕ್ಷಿಗೆ ಊರಿನವರು ಬರಲಿಲ್ಲ. ಸಕ್ಕರೆ ಕಾರ್ಖಾನೆಗೆ ಯಾರ ಕಬ್ಬನ್ನು ಯಾವಾಗ ಕಡಿಯಬೇಕೆಂಬ ಪಾಳಿ ಬರೆಯುವವನು ದಿನಕರ. ಪಾಳಿ ತಪ್ಪಿದರೆ ಕಬ್ಬು ಹೊಲದಲ್ಲೇ ಒಣಗುತ್ತದೆ.

ಅರ್ಜಿಯ ನೋಟಿಸ್ ತಲುಪಿದ ವಾರ ಅಣ್ಣತಮ್ಮ ಇಬ್ಬರೂ ತಾಯಿಯನ್ನು ನಡುವೆ ನಿಲ್ಲಿಸಿಕೊಂಡು ನನ್ನ ಬೆಂಚಿಗೆ ಬಂದರು.

“ಬರಕೋರಿ,” ಎಂದ ದಿನಕರ. “ಅಂಜನಾ ಒಂಬತ್ತನೇ ವಯಸ್ಸಿಗೆ ಜ್ವರ ಬಂದು ಸತ್ತಳು. ಈ ನಳಿನಿ ಯಾರೋ ನಮಗ ಗೊತ್ತಿಲ್ಲ.”

“ನಂದೂ ಅದೇ,” ಎಂದ ಹಿಂದೂರಾವ್. “ಕೆಳಗಿನ ಹೆಸರಷ್ಟ ಬದಲು ಮಾಡ್ರಿ.”

ಹನ್ನೊಂದು ವರ್ಷದಲ್ಲಿ ಅವರು ಒಪ್ಪಿದ ಮೊದಲ ಮಾತು ಅದು. ಮೂರನೆಯ ಪ್ರಮಾಣಪತ್ರ ತಾಯಿಯದು. ಓದಿ ಹೇಳಿದಾಗ ಮುದುಕಿ ಹೆಬ್ಬೆರಳನ್ನು ಸೆರಗಿನೊಳಗೆ ಎಳೆದುಕೊಂಡಳು.

“ದಿನ್ಯಾ, ಅಕೀ ಜೀವಂತ ಅದಾಳಲ್ಲೋ.”

“ಹಂಗಾರ ಅಕೀ ಮನಿಗೇ ಹೋಗು, ಆಯಿ. ಮಗಳ ಮನಿ ಅನ್ನ ಉಣ್ತೀಯೇನು?”

“ಮುಂದಿನ ತಿಂಗಳು ನಂದು,” ಎಂದ ಕಿರಿಯ. “ನನ್ನ ಮನ್ಯಾಗೂ ಅಡಿಗಿ ಆಗೂದಿಲ್ಲ.”

ಅವಳ ಹೆಬ್ಬೆರಳಿಗೆ ಮಸಿ ಹಚ್ಚಿದವನು ನಾನು.

ವಿಚಾರಣೆಯ ದಿನ ನಳಿನಿ ಬೇಗ ಬಂದಿದ್ದಳು. ವರಾಂಡದಲ್ಲಿ ಕೂತಿದ್ದ ತಾಯಿಯ ತೊಡೆಯ ಮೇಲೆ ಡಬ್ಬಿ ತೆರೆದಿಟ್ಟಳು. ಹೋಳಿಗೆ, ಮೇಲೆ ತುಪ್ಪ.

“ಹಲ್ಲಿಲ್ಲ ಅಂತ ಮೆತ್ತಗ ಮಾಡೀನಿ, ಆಯಿ. ಒಳಗ ಸಾಹೇಬರು ಕೇಳತಾರ. ಇದ್ದದ್ದು ಹೇಳು, ಸಾಕು. ಹೊಲ ಕೊಡೂದು ಬಿಡೂದು ಆಮೇಲಿಂದು.”

ಗಜರಾಬಾಯಿ ತಲೆ ಎತ್ತದೆ ಒಂದೂವರೆ ಹೋಳಿಗೆ ತಿಂದಳು. ಕರೆ ಬಂದಾಗ ಡಬ್ಬಿಯನ್ನು ಕಂಕುಳಲ್ಲಿಟ್ಟುಕೊಂಡೇ ಒಳಗೆ ಹೋದಳು.

“ಈ ಹೆಂಗಸು ನಿಮ್ಮ ಮಗಳೇನು?” ನ್ಯಾಯಾಧೀಶರು ಕೇಳಿದರು.

ಮುದುಕಿ ದಿನಕರನನ್ನು ನೋಡಿದಳು. ಹಿಂದೂರಾವ್‌ನನ್ನೂ ನೋಡಿದಳು.

“ನನ್ನ ಮಗಳು ಸಣ್ಣಾಕಿ ಇದ್ದಾಗ ಸತ್ತಳ್ರೀ.”

“ಇವರು ಯಾರು?”

“ಗೊತ್ತಿಲ್ಲ.”

ನಳಿನಿ ಬಾಯಿ ತೆರೆದಳು. ಅವಳ ವಕೀಲ ಕೈ ಅಡ್ಡ ಮಾಡಿ ಸುಮ್ಮನಾಗಿಸಿದ.

ಆದೇಶ ಮಧ್ಯಾಹ್ನವೇ ಬಂತು. ಸಂಬಂಧ ಮೇಲ್ನೋಟಕ್ಕೂ ಸಾಬೀತಾಗಿಲ್ಲ, ಬೇಕಿದ್ದರೆ ಅರ್ಜಿದಾರಳು ಬೇರೆ ದಾವೆ ಹೂಡಬಹುದು, ಅರ್ಜಿ ವಜಾ. ಹೊರಗೆ ಬಂದ ಕೂಡಲೇ ಅಣ್ಣತಮ್ಮ ಎಂದಿನಂತೆ ವರಾಂಡದ ಎರಡು ತುದಿಗೆ ಸರಿದು ನಿಂತರು.

ನಳಿನಿ ಮೆಟ್ಟಿಲು ಇಳಿದು ಹುಣಸೆಮರದವರೆಗೆ ಬಂದಿದ್ದಳು.

“ಅಂಜೂ,” ಮುದುಕಿ ಕೂಗಿದಳು. “ಅಂಜೂ, ನಿಂದ್ರವಾ.”

ಕೋರ್ಟಿನ ಜವಾನ ತಿರುಗಿ ನೋಡಿದ. ಹಿಂದೂರಾವ್ ಬಂದು ತಾಯಿಯ ರಟ್ಟೆ ಹಿಡಿದ.

“ಸತ್ತಾಕೀನ್ನ ಹಂಗ ಕರೀಬಾರದು, ಆಯಿ,” ಎಂದ. ಮಗುವಾಗಿದ್ದಾಗ ಅವನನ್ನು ಸೊಂಟದ ಮೇಲೆ ಹೊತ್ತು ತಿರುಗಿದವಳು ಈ ಅಕ್ಕನೇ.

ನಳಿನಿ ಹಿಂದಿರುಗಿ ಮೆಟ್ಟಿಲು ಹತ್ತಿದಳು. ಮುದುಕಿಯ ಮುಖ ಅರಳಿತು. ನಳಿನಿ ಅವಳ ಕಂಕುಳಿನಿಂದ ಡಬ್ಬಿ ತೆಗೆದುಕೊಂಡಳು. ಅರ್ಧ ಉಳಿದಿದ್ದ ಹೋಳಿಗೆಯನ್ನು ಮೆಟ್ಟಿಲ ಬಳಿಯ ನಾಯಿಗೆ ಹಾಕಿ, ಮುಚ್ಚಳ ಬಿಗಿದು, ಫಲಟಣದ ಬಸ್ಸಿಗೆ ಹೊರಟಳು.