ಎದುರು ಪಕ್ಷದವನಿಗೆ ಕಾಫಿ

ಸರ್ಕಾರಕ್ಕೆ ಬಹುಮತವಿರಲಿಲ್ಲ, ಒಂದೊಂದು ಮತಕ್ಕೂ ಅದರ ಜೀವ ಬಾಯಿಗೆ ಬರುತ್ತಿತ್ತು. ಆಳುವ ಪಕ್ಷದ ಸಂಸದನಾಗಿದ್ದ ಗಂಡ ವಿಶ್ವಾಸಮತದ ಹೊತ್ತಿಗೇ ಎದೆನೋವೆಂದು ಮನೆಯಲ್ಲೇ ಉಳಿದಾಗ, ಎರಡೂ ಕಡೆ ಒಂದೊಂದು ಮತ ಕಡಿಮೆಯಾಗಿ ಲೆಕ್ಕ ಸರಿಹೋಗಲೆಂದು ಎದುರು ಪಕ್ಷದ ಸಂಸದನೊಬ್ಬನೂ ಹಳೆಯ ಪದ್ಧತಿಯಂತೆ ಸದನಕ್ಕೆ ಹೋಗದಿರಲು ಒಪ್ಪಿದ. ಒಪ್ಪಿದ್ದೇನೋ ಸರಿ, ನಂಬುವವರು ಯಾರು? ಕೊನೆಗೆ ಎರಡೂ ಪಕ್ಷದವರು ಸೇರಿ ಆ ಮನುಷ್ಯನನ್ನು ಇವರ ಸೋಫಾದ ಮೇಲೇ ತಂದು ಕೂರಿಸಿದರು. ಒಬ್ಬರಿಗೊಬ್ಬರು ಕಾವಲು.

ಹೆಂಡತಿಗೆ ಮೈಯೆಲ್ಲ ಉರಿದುಹೋಯಿತು. ವರ್ಷಗಟ್ಟಲೆ ತನ್ನ ಗಂಡನನ್ನು ವೇದಿಕೆ ಹತ್ತಿ ಕಳ್ಳ ಎಂದ ಬಾಯಿಬಡುಕನಿಗೆ ಈಗ ಕಾಫಿ ಬೇರೆ ಮಾಡಿಕೊಡಬೇಕು.

"ಸಕ್ಕರೆ ಬೇಡ ಅಕ್ಕ, ಇವರ ಹಾಗೆ ನಂಗೂ ಶುಗರ್ ಇದೆ," ಎಂದ ಆತ, ಮೆತ್ತಗೆ.

ಟಿವಿಯಲ್ಲಿ ಭಾಷಣಗಳು ಮುಗಿಯುವ ಹಾಗೇ ಕಾಣಲಿಲ್ಲ. ಅವಳು ಲೋಟ ತೊಳೆದು ಬರುವಷ್ಟರಲ್ಲಿ ಇಬ್ಬರೂ ಒಂದೇ ಸೋಫಾದಲ್ಲಿ ಬಾಯಿ ತೆರೆದು ಗೊರಕೆ ಹೊಡೆಯುತ್ತಿದ್ದರು. ಸರ್ಕಾರ ಒಂದೇ ಮತದಿಂದ ಬಿದ್ದದ್ದನ್ನು ಆ ಮನೆಯಲ್ಲಿ ನೋಡಿದವಳು ಅವಳೊಬ್ಬಳೇ.

ಫೋನ್ ಬಡಿದುಕೊಂಡಾಗ ಗಂಡ ಕಣ್ಣು ಬಿಟ್ಟ. "ಏನಾಯ್ತೇ?"

"ಬಿತ್ತು. ಮತ್ತೆ ಚುನಾವಣೆಯಂತೆ."

ಆತನೂ ಎಚ್ಚೆತ್ತು ಕಣ್ಣುಜ್ಜಿಕೊಂಡ. "ಹಾಗಾದ್ರೆ ನಾಳೆಯಿಂದ ಮತ್ತೆ ನಿಮ್ಮನ್ನ ಕಳ್ಳ ಅನ್ಬೇಕಲ್ಲ."

"ಅನ್ನಿ, ನಾನೂ ಅಂತೀನಿ," ಎಂದ ಗಂಡ. "ನಾಳೆ ತಾನೇ."

ಇಬ್ಬರೂ ಮತ್ತೆ ಕಣ್ಣು ಮುಚ್ಚಿದರು. ಅವಳು ಫೋನಿನ ಸದ್ದಡಗಿಸಿ, ಗಂಡನ ಕಂಬಳಿಯ ಇನ್ನೊಂದು ತುದಿಯನ್ನು ಬಾಯಿಬಡುಕನ ಮೊಣಕಾಲಿನವರೆಗೂ ಎಳೆದಳು.