ಓದಿ ಹೇಳಲಾಗಿದೆ

‘ಅರ್ಜಿದಾರರ ವಾದವನ್ನು ಕೂಲಂಕಷವಾಗಿ ಆಲಿಸಿದ ನಂತರ, ಸಂಘದ ನೋಂದಣಿಯನ್ನು ನಿರಾಕರಿಸಲಾಗಿದೆ’ ಎಂದು ಟೈಪ್ ಮಾಡಿ ಟೈಪಿಸ್ಟ್ ಬಾಗಿಲ ಕಡೆ ನೋಡಿದಳು. ಅರ್ಜಿದಾರರು ಇನ್ನೂ ಹೊರಗಿನ ಬೆಂಚಿನ ಮೇಲೇ ಕೂತಿದ್ದರು. ಅರ್ಧ ತೆರೆದ ಬಾಗಿಲ ಸಂದಿಯಲ್ಲಿ ಅವರ ಸವೆದ ಚಪ್ಪಲಿಗಳು ಕಾಣುತ್ತಿದ್ದವು.

“ಸಾರ್, ಅವರನ್ನಿನ್ನೂ ಒಳಗೆ ಕರೆದೇ ಇಲ್ವಲ್ಲ?”

ರಿಜಿಸ್ಟ್ರಾರ್ ತಲೆಯೆತ್ತಲಿಲ್ಲ. “ಕರೀತೀವಿ. ಅದಕ್ಕೇನೀಗ? ಮೇಲಿನಿಂದ ಎರಡೆರಡು ಸಲ ಫೋನ್ ಬಂತು. ನೀನು ಅವರ ಹೇಳಿಕೆನೂ ಟೈಪ್ ಮಾಡಿ ಇಟ್ಟುಬಿಡಮ್ಮ. ‘ಆಕ್ಷೇಪಣೆ ತಿಳಿಸಲಾಯಿತು, ಹೇಳುವುದೇನೂ ಇಲ್ಲವೆಂದರು.’ ಅಷ್ಟು ಸಾಕು.”

ಹೊರಗಿದ್ದವರು ಮನೆಮನೆಗೆ ಹೋಗಿ ಹಾಸಿಗೆ ಹಿಡಿದವರನ್ನು ನೋಡಿಕೊಳ್ಳುವ ಹೆಂಗಸರು. ಅವರನ್ನು ಕೆಲಸಕ್ಕೆ ಕಳಿಸುವ ಏಜೆನ್ಸಿಯ ಮಾಲೀಕನಿಗೆ ಈ ಸಂಘ ಬೇಕಿರಲಿಲ್ಲ. ಒಳಗಿಂದೊಳಗೇ ಆಕ್ಷೇಪಣೆ ಸಲ್ಲಿಸಿದ್ದ. ಅದು ಫೈಲಿನಲ್ಲಿರುವುದೇ ಆ ಹೆಂಗಸರಿಗೆ ಗೊತ್ತಿರಲಿಲ್ಲ. ಅದನ್ನು ಪಂಚ್ ಮಾಡಿ ಫೈಲಿಗೆ ಸೇರಿಸಿದವಳು ಇವಳೇ.

ಇವಳದು ಗುತ್ತಿಗೆಯ ಕೆಲಸ. ಮುಂದುವರಿಸುವುದೋ ಬಿಡುವುದೋ ರಿಜಿಸ್ಟ್ರಾರರ ಒಂದು ಗೀಚಿನಲ್ಲಿತ್ತು. ಹಿಂದಿನ ಟೈಪಿಸ್ಟ್ ಯಾವುದೋ ಫೈಲಿನ ಬಗ್ಗೆ ಎದುರಾಡಿದಳಂತೆ, ಮರುದಿನ ಆ ಕುರ್ಚಿಯಲ್ಲಿ ಬೇರೆಯವರಿದ್ದರಂತೆ. “ನಿಮ್ಮ ಆಫೀಸಲ್ಲಿ ಬೆರಳಿಗೆ ಬಿಡುವಿಲ್ಲ, ಬಾಯಿಗೆ ಮಾತ್ರ ಪೂರ್ತಿ ರಜೆ” ಎಂದು ಗಂಡ ತಮಾಷೆ ಮಾಡುತ್ತಿದ್ದ. ಅವನಿಗೆ ಈಗ ಕೆಲಸವಿರಲಿಲ್ಲವಾದ್ದರಿಂದ ಇಬ್ಬರೂ ಹೆಚ್ಚು ನಗುತ್ತಿರಲಿಲ್ಲ.

ಮಧ್ಯಾಹ್ನ ಮೂವರು ಹೆಂಗಸರು ಒಳಗೆ ಬಂದು ಮೇಜಿನ ಮುಂದೆ ನಿಂತರು. ಕುರ್ಚಿಗಳು ಖಾಲಿಯಿದ್ದರೂ ಯಾರೂ ಕೂರಿ ಎನ್ನಲಿಲ್ಲ. ಅವರಲ್ಲಿ ಹಿರಿಯಳು, “ಸ್ವಾಮೀ, ನಮ್ಮ ಸಂಘ ಯಾಕೆ ಬೇಕು ಅಂದ್ರೆ...” ಎನ್ನುವಷ್ಟರಲ್ಲಿ ಫೋನ್ ಬಡಿದುಕೊಂಡಿತು. ರಿಜಿಸ್ಟ್ರಾರ್ ಅಂಗೈ ಎತ್ತಿ ಅವಳನ್ನು ತಡೆದು, ಎದ್ದು ನಿಂತೇ ಮಾತಾಡಿದರು. “ಹೌದು ಸಾರ್... ಇವತ್ತೇ ಸಾರ್...” ಫೋನ್ ಇಟ್ಟು ಕೂತರು.

“ಎಲ್ಲಾ ಅರ್ಜಿಯಲ್ಲೇ ಬರೆದಿದ್ದೀರಲ್ಲ. ಸರಿ, ಅಲ್ಲಿ ಸೈನ್ ಮಾಡಿ ಹೊರಡಿ.”

ಹಿರಿಯಳು ಟೈಪಿಸ್ಟಳ ಮೇಜಿಗೆ ಬಂದಳು. “ಎಲ್ಲಿ ಹಾಕ್ಲಿ ಮಗಳೇ?”

ಬೆರಳಿಟ್ಟು ತೋರಿಸಿದ್ದರೆ ಮುಗಿಯುತ್ತಿತ್ತು. ದಿನಾ ತೋರಿಸುತ್ತಿದ್ದದ್ದೇ. ಹೇಳಿಕೆಯ ಅಡಿಯಲ್ಲಿ ಯಾವಾಗಲೂ ಇರುವ ಸಾಲು ಇಂದೂ ಇತ್ತು: ‘ಓದಿ ಹೇಳಲಾಗಿದೆ, ಸರಿಯಿದೆಯೆಂದು ಒಪ್ಪಿದ್ದಾರೆ.’ ರಿಜಿಸ್ಟ್ರಾರ್ ತನ್ನನ್ನೇ ನೋಡುತ್ತಿದ್ದಾರೇನೋ ಎನಿಸಿ ಅವಳಿಗೆ ಕತ್ತೆತ್ತುವ ಧೈರ್ಯವೂ ಆಗಲಿಲ್ಲ. ಕಾಗದವನ್ನು ಎತ್ತಿಕೊಂಡಳು.

“ಓದ್ತೀನಿ, ಕೇಳಿಸ್ಕೊಳ್ಳಿ” ಎಂದಳು. ಸ್ವರ ಯಾರದೋ ಎನ್ನುವ ಹಾಗಿತ್ತು. “ಆಕ್ಷೇಪಣೆಯ ಅಂಶಗಳನ್ನು ಅರ್ಜಿದಾರರಿಗೆ ತಿಳಿಸಲಾಯಿತು. ತಮಗೆ ಹೇಳುವುದೇನೂ ಇಲ್ಲವೆಂದು...”

“ತಡಿಯಮ್ಮ, ತಡಿ. ಯಾರ ಆಕ್ಷೇಪಣೆ?” ಎಂದಳು ಹಿರಿಯಳು.

“ನಾವಿನ್ನೂ ಬಾಯೇ ಬಿಟ್ಟಿಲ್ವಲ್ಲ!” ಎಂದಳು ಹಿಂದೆ ನಿಂತಿದ್ದ ಕಿರಿಯಳು.

“ನಿನಗೆ ಓದು ಅಂದೋರು ಯಾರು?” ರಿಜಿಸ್ಟ್ರಾರ್ ಮೆಲ್ಲಗೆ ಕೇಳಿದರು. ಅವರು ಕೂಗಿದ್ದರೆ ಅವಳಿಗೆ ಇಷ್ಟು ಹೆದರಿಕೆಯಾಗುತ್ತಿರಲಿಲ್ಲ.

“ಕೆಳಗಡೆ... ಓದಿ ಹೇಳಲಾಗಿದೆ ಅಂತ ಇದೆ ಸಾರ್.”

ಹಿರಿಯಳು ಪೆನ್ನನ್ನು ಮೇಜಿನ ಮೇಲಿಟ್ಟಳು. “ನಾವು ಇದಕ್ಕೆ ಸೈನ್ ಹಾಕಲ್ಲ ಸ್ವಾಮಿ. ಏನಾದ್ರೂ ಮಾಡ್ಕೊಳ್ಳಿ.” ಅವಳ ದನಿಯೂ ಗಟ್ಟಿಯಿರಲಿಲ್ಲ.

ರಿಜಿಸ್ಟ್ರಾರ್ ಫೋನನ್ನು ನೋಡಿದರು, ಸಹಿಯಿಲ್ಲದ ಹಾಳೆಯನ್ನು ನೋಡಿದರು. ಸಹಿಯಿಲ್ಲದೆ ಆದೇಶ ಹೊರಡಿಸಿದರೆ ನಾಳೆ ಮೇಲ್ಮನವಿಯಲ್ಲಿ ಉತ್ತರ ಕೊಡಬೇಕಾದವರು ಫೋನ್ ಮಾಡಿದವರಲ್ಲ, ತಾವೇ. ಫೈಲನ್ನು ಟೈಪಿಸ್ಟಳತ್ತ ಚಾಚಿ ಹೇಳಿದರು: “ಆಕ್ಷೇಪಣೆಯ ನಕಲು ತೆಗೆದು ಅವರಿಗೆ ಕೊಡು. ಓದಲಿ. ಆಮೇಲೆ ಏನು ಹೇಳ್ತಾರೋ ಹೇಳಲಿ.” ಅವಳು ಎದ್ದು ಹೊರಡುವಾಗ ಸೇರಿಸಿದರು: “ಸಂಜೆ ಹೋಗೋಕೆ ಮುಂಚೆ ನನ್ನ ನೋಡಿ ಹೋಗು.”

ಜೆರಾಕ್ಸ್ ಯಂತ್ರದ ಬಳಿ ಅವಳು ಗೋಡೆಗೆ ಕೈ ಊರಿ ನಿಂತಳು. ಗಂಡನಿಗೆ ಏನು ಹೇಳುವುದು ಎಂದು ಯೋಚಿಸಿದಳು. ಹಾಳೆಗಳು ಒಂದೊಂದಾಗಿ ಬಿಸಿಬಿಸಿಯಾಗಿ ಹೊರಬಿದ್ದವು.

ಒಳಗೆ ಬಂದು ಅವನ್ನು ಕೊಟ್ಟಾಗ ಹಿರಿಯಳು ಯಾರನ್ನೂ ಕೇಳದೆ ಒಂದು ಕುರ್ಚಿ ಎಳೆದುಕೊಂಡು ಕೂತಳು. ಕಾಗದವನ್ನು ಕಣ್ಣಿನ ಹತ್ತಿರ ಹಿಡಿದು, ತುಟಿ ಆಡಿಸುತ್ತ, ಅಕ್ಷರ ಅಕ್ಷರ ಕೂಡಿಸಿ ಓದತೊಡಗಿದಳು. ಹಾಳೆ ಅಲುಗಿ ಸಾಲು ತಪ್ಪುತ್ತಿತ್ತು. ಕಿರಿಯಳು ಹಿಂದಿನಿಂದ ಬಾಗಿ ಅದರ ಇನ್ನೊಂದು ಮೂಲೆಯನ್ನು ಹಿಡಿದುಕೊಂಡಳು.