ಕೆಂಚಪ್ಪ ಕಟ್ಟಿದ ಪಟ್ಟಿ

"ನೋವಿದ್ಯೇನೋ?" ಎಂದು ಕೆಂಚಪ್ಪ ಕೇಳಿದ್ದಕ್ಕೆ ಮುನಿರಾಜು ಇಲ್ಲವೆಂದು ತಲೆಯಾಡಿಸಿದ. ಶುದ್ಧ ಸುಳ್ಳು. ಹಾಫ್ ಟೈಮಿನ ವಿಸಿಲ್ ಊದಿದ್ದೇ ತಡ, ಹುಡುಗ ಬೇವಿನ ಮರದ ಕೆಳಗೆ ಕುಸಿದು ಕೂತಿದ್ದ. ಎಡಮಂಡಿ ಊದಿಕೊಂಡು ಚಿಪ್ಪೇ ಕಾಣದಂತಾಗಿತ್ತು. ಕೆಂಚಪ್ಪ ಬೆರಳಿಟ್ಟು ಒತ್ತಿದ. ಒಳಗೆ ನೀರು ತುಂಬಿತ್ತು, ಚರ್ಮ ಸುಡುತ್ತಿತ್ತು. ಇದೇನೆಂದು ಅವನಿಗೆ ಡಾಕ್ಟರು ಬಂದು ಹೇಳಬೇಕಾಗಿರಲಿಲ್ಲ. ಇಂಥದ್ದೇ ಒಂದು ಎಡಗಾಲನ್ನು ಅವನು ವರ್ಷಗಟ್ಟಲೆಯಿಂದ ಎಳೆದುಕೊಂಡು ತಿರುಗುತ್ತಿದ್ದ.

ಮೈದಾನದ ಆಚೆ ಬದಿಯಲ್ಲಿ ಮಿಲ್ಲಿನ ತಂಡ ಬೂಟು ಸಡಿಲಿಸಿ ಕಾಲು ಚಾಚಿ ಕೂತಿತ್ತು. ಅವರ ನಡುವೆ ಕುರ್ಚಿ ಹಾಕಿಸಿಕೊಂಡು ಸೋಡಾ ಕುಡಿಯುತ್ತಿದ್ದವನು ಶಿವಬಸಪ್ಪ, ತಂಡದ ಮ್ಯಾನೇಜರು. ಆ ಮನುಷ್ಯನನ್ನು ಕಂಡರೆ ಕೆಂಚಪ್ಪನ ಹೊಟ್ಟೆಗೆ ಬೆಂಕಿ ಬೀಳುತ್ತಿತ್ತು.

ಬೀಳದೆ ಇನ್ನೇನು? ಬೆಂಗಳೂರಿನಲ್ಲಿ ಚೆಂಡು ಒದ್ದು ಸಂಬಳ ಎಣಿಸಿದ ಮೊದಮೊದಲಿನವರಲ್ಲಿ ಕೆಂಚಪ್ಪನೂ ಒಬ್ಬ. ಹೆಸರಿಗೆ ಮಿಲ್ಲಿನ ನೇಯ್ಗೆ ಖಾತೆಯ ಕೂಲಿ, ಮಗ್ಗ ಮುಟ್ಟಿದವನೇ ಅಲ್ಲ. ಬರಿಗಾಲಲ್ಲಿ ಎಡಗಡೆಯ ಗೆರೆ ಹಿಡಿದು ಓಡಿದನೆಂದರೆ ಬೂಟು ಹಾಕಿದ ಬಿಳಿ ಸೋಲ್ಜರುಗಳೂ ಏದುಸಿರು ಬಿಡುತ್ತ ಹಿಂದೆ ಉಳಿಯುತ್ತಿದ್ದರು. ಆಗ ಶಿವಬಸಪ್ಪನೇ ಕ್ಯಾಪ್ಟನ್. ಒಂದು ಫೈನಲ್ ದಿನ ಕೆಂಚಪ್ಪನ ಮಂಡಿ ಊದಿತ್ತು. "ಆಡು ಕಣಯ್ಯ, ಕಾಲು ಹೋದ್ರೂ ಕೆಲ್ಸ ಎಲ್ಲಿಗ್ ಹೋಗುತ್ತೆ? ನಾನಿಲ್ವಾ?" ಎಂದು ಶಿವಬಸಪ್ಪ ತಾನೇ ಮಂಡಿಗೆ ಬಟ್ಟೆಯ ಪಟ್ಟಿ ಬಿಗಿದು ಮೈದಾನಕ್ಕಿಳಿಸಿದ. ಕಪ್ಪು ಬಂತು, ಕಾಲು ಹೋಯಿತು. ಕುಂಟನಿಗೆ ಇಲ್ಲೇನು ಕೆಲಸ ಎಂದು ಮಿಲ್ಲಿನವರು ಹೊರಗೆ ಹಾಕಿದಾಗ ಶಿವಬಸಪ್ಪ ಗೇಟಿನ ತನಕವೂ ಬರಲಿಲ್ಲ.

ಅಂದಿನಿಂದ ಕೆಂಚಪ್ಪ ಬದುಕಿದ್ದು ಈ ಒಂದು ಸಂಜೆಗಾಗಿ. ರಾಜಾಜಿನಗರದ ಹೊಸ ಬಡಾವಣೆಯಲ್ಲಿ ಮನೆಗಳು ಏಳುವ ಮೊದಲೇ, ಸೈಟಿನ ಕಲ್ಲುಗಳನ್ನೇ ಗೋಲು ಮಾಡಿಕೊಂಡು, ಕೇತಮಾರನಹಳ್ಳಿಯ ಹುಡುಗರನ್ನು ಬೈದು, ಹೊಡೆದು, ಹುರುಳಿಕಾಳು ತಿನ್ನಿಸಿ ತಯಾರು ಮಾಡಿದ್ದ. ಈಗ ಮಿಲ್ಲಿನ ಮೈದಾನದಲ್ಲೇ, ಮಿಲ್ಲಿನ ಎದುರೇ ಫೈನಲ್. ಎರಡೂ ಕಡೆ ಒಂದೊಂದು ಗೋಲು.

ಅವನ ಹುಡುಗರಲ್ಲಿ ಒಂದು ಪದ್ಧತಿಯಿತ್ತು. ಪಟ್ಟಿಯನ್ನು ಯಾರೂ ತಾವೇ ಕಟ್ಟಿಕೊಳ್ಳುವಂತಿಲ್ಲ, ಕೆಂಚಪ್ಪನೇ ಕಟ್ಟಬೇಕು. ಅವನು ಕಟ್ಟಿದರೆ ಆಡು, ಕಟ್ಟದಿದ್ದರೆ ಕೂರು. ಎದುರು ಮಾತಿಲ್ಲ.

"ಬೇಡ ಅಣ್ಣಾ," ಎಂದ ಗೋಲು ಕಾಯುವ ಬೈರಪ್ಪ. "ಹತ್ತೇ ಜನ ಆಡ್ತೀವಿ. ಡ್ರಾ ಆದ್ರೆ ಇನ್ನೊಂದ್ ದಿನ ಆಡಿಸ್ತಾರಲ್ಲ."

"ನೀನ್ ಬಾಯ್ಮುಚ್ಕೊಂಡಿರು," ಎಂದು ಕೆಂಚಪ್ಪ ಗದರಿದ.

ಮುನಿರಾಜು ಕಾಲು ಮುಂದಕ್ಕಿಟ್ಟ. "ಕಟ್ಟಿ ಅಣ್ಣಾ. ನೀವ್ ಆಡು ಅಂದ್ರೆ ಆಡ್ತೀನಿ."

ಆಚೆ ಬದಿಯಲ್ಲಿ ಶಿವಬಸಪ್ಪ ಏನಕ್ಕೋ ಗಹಗಹಿಸಿ ನಕ್ಕ. ಯಾರನ್ನು ನೋಡಿ ನಕ್ಕನೋ, ಕೆಂಚಪ್ಪನಿಗಂತೂ ತನ್ನನ್ನೇ ನೋಡಿ ನಕ್ಕಂತಾಯಿತು. ಇನ್ನೊಂದು ದಿನವಂತೆ! ಇನ್ನೊಂದು ದಿನದ ತಾಳ್ಮೆ ಅವನಲ್ಲಿ ಉಳಿದಿರಲಿಲ್ಲ. ಪಟ್ಟಿ ಎತ್ತಿಕೊಂಡು ಮಂಡಿಗೆ ಸುತ್ತತೊಡಗಿದ. ಹುಡುಗ ತುಟಿ ಕಚ್ಚಿದ.

"ಏನೂ ಆಗಲ್ಲ ಕಣೋ. ಆದ್ರೂ ನಾನಿಲ್ವಾ?"

ಮಾತು ಬಾಯಿಂದ ಬಿದ್ದಮೇಲೆ ಅದು ಯಾರ ಮಾತೆಂದು ಅವನಿಗೆ ಗೊತ್ತಾಯಿತು. ಗೊತ್ತಾಗಿಯೂ ಗಂಟು ಬಿಗಿದ.

ಆಟ ಮುಗಿಯಲು ಇನ್ನೇನು ಸ್ವಲ್ಪ ಹೊತ್ತು ಎನ್ನುವಾಗ ಮುನಿರಾಜು ಎಡಗೆರೆ ಹಿಡಿದು ನುಗ್ಗಿದ. ಇಬ್ಬರನ್ನು ದಾಟಿ, ಎಡಗಾಲು ಊರಿ, ಬಲಗಾಲಲ್ಲಿ ಬಾರಿಸಿದ. ಚೆಂಡು ಬಲೆಗೆ ಬಿತ್ತು, ಹುಡುಗ ನೆಲಕ್ಕೆ ಬಿದ್ದ. ಜನ ಕೂಗಿದ ಅಬ್ಬರದಲ್ಲಿ ಅವನ ಕಿರುಚಾಟ ಯಾರಿಗೂ ಕೇಳಿಸಲಿಲ್ಲ. ಕೆಂಚಪ್ಪನಿಗೆ ಕೇಳಿಸಿತು.

ಕೊನೆಯ ವಿಸಿಲ್ ಆದಮೇಲೆ ಅವನು ಕುಂಟುತ್ತ ಶಿವಬಸಪ್ಪನ ಕುರ್ಚಿಯ ಮುಂದೆ ಹೋಗಿ ನಿಂತ. ಹೇಳಲು ಮಾತು ತಯಾರಿತ್ತು. ಕುಂಟ ಬಂದಿದ್ದಾನೆ, ಎದ್ದು ಕಪ್ಪು ಬಿಟ್ಟುಕೊಡು ಎನ್ನಬೇಕಿತ್ತು. ಶಿವಬಸಪ್ಪ ಅವನನ್ನು ನೋಡಲಿಲ್ಲ. ನಾಲ್ವರು ಹೊತ್ತು ತರುತ್ತಿದ್ದ ಹುಡುಗನನ್ನೇ ನೋಡುತ್ತಿದ್ದ.

"ಪಟ್ಟಿ ನೀನೇ ಕಟ್ಟಿದ್ದೇನಯ್ಯ, ಕೆಂಚಪ್ಪ?"

ಶಿವಬಸಪ್ಪ ಸೋಡಾ ಬಾಟಲಿಯನ್ನು ಕೆಳಗಿಟ್ಟು ಎದ್ದು ಹೋದ.

ಜಟಕಾ ಕೇತಮಾರನಹಳ್ಳಿ ತಲುಪುವಷ್ಟರಲ್ಲಿ ಗೆದ್ದ ಸುದ್ದಿ ಮುಂಚೆಯೇ ಬಂದಿತ್ತು. ಮುನಿರಾಜುವಿನ ತಾಯಿ ಮುನಿಲಕ್ಷ್ಮಮ್ಮ ಅರಿಶಿನ, ಸುಣ್ಣ ಕದಡಿದ ಕೆಂಪು ನೀರಿನ ತಟ್ಟೆ ಹಿಡಿದು ಹೊಸಿಲಲ್ಲಿ ಕಾಯುತ್ತಿದ್ದಳು. ಕೆಂಚಪ್ಪ ಹುಡುಗನನ್ನು ಹೆಗಲಿಗೆ ಆನಿಸಿಕೊಂಡು ಇಳಿಸಿದ.

"ನೆಟ್ಟಗೆ ನಿಂತ್ಕೊಳೋ, ನೀವಾಳಿಸ್ಬೇಕು."

"ಕಾಲೂರಕ್ಕೆ ಆಗ್ತಿಲ್ಲಮ್ಮ."

ಅವಳ ಮುಖ ಒಂದು ಗಳಿಗೆ ಕಂದಿತು. ಆಮೇಲೆ ಕೆಂಚಪ್ಪನನ್ನು ನೋಡಿ ಸಮಾಧಾನವಾಯಿತು.

"ನಿಮ್ಮಣ್ಣ ಇದಾರಲ್ಲ, ನೋಡ್ಕೋತಾರೆ ಬಿಡು." ಹಿಂದೆ ಸರಿಯಲು ಹೋದವನನ್ನು ಅವಳು ತಡೆದಳು. "ಎಲ್ಲಿಗೆ ಹೋಗ್ತೀರಾ ಕೆಂಚಪ್ಪಣ್ಣ? ನೀವೂ ನಿಂತ್ಕೊಳಿ. ನಿಮ್ಗೇ ಜಾಸ್ತಿ ದೃಷ್ಟಿ ಆಗಿರೋದು."

ಕೆಂಚಪ್ಪ ನಿಂತ. ಹುಡುಗನ ಭಾರವೆಲ್ಲ ಅವನ ಕೊರಳಿಗೆ ಜೋತುಬಿದ್ದಿತ್ತು. ಇಬ್ಬರಿಗೂ ಸೇರಿ ನೆಲಕ್ಕೆ ಗಟ್ಟಿಯಾಗಿ ಊರಿದ್ದು ಎರಡೇ ಕಾಲು. ಕೆಂಪು ನೀರಿನ ತಟ್ಟೆ ಅವರ ಮುಖದ ಮುಂದೆ ನಿಧಾನವಾಗಿ ಸುತ್ತುತ್ತಿತ್ತು.